1911ರ ‘ದಿ ಮ್ಯಾನಿಕ್ಯೂರ್ ಲೇಡಿ’: ಯಾವ ವೇಗದಲ್ಲಿ ತೋರಿಸಬೇಕು, ಮೇಜಿನ ಮೇಲಿರುವುದೇನು?

ಮೂಕಿಪ್ರಿಯ (ಪ್ರಶ್ನೆ)

ಎಲ್ಲರಿಗೂ ನಮಸ್ಕಾರ. ನಮ್ಮ ಫಿಲಂ ಸೊಸೈಟಿಯಲ್ಲಿ ಕೆಲಸದ ಜಾಗಗಳ ಕುರಿತ ಹಳೆಯ ಮೂಕಿ ಚಿತ್ರಗಳ ಒಂದು ಪ್ರದರ್ಶನ ಇಟ್ಟುಕೊಂಡಿದ್ದೇವೆ. ಅದರಲ್ಲಿ ಅಮೆರಿಕದ ಬಯೋಗ್ರಾಫ್ ಕಂಪನಿಯ ‘ದಿ ಮ್ಯಾನಿಕ್ಯೂರ್ ಲೇಡಿ’ (1911) ಒಂದು. ನಿರ್ದೇಶನ ಮ್ಯಾಕ್ ಸೆನೆಟ್, ಕ್ಷೌರಿಕನ ಪಾತ್ರವೂ ಅವನದೇ. ಉಗುರು ತಿದ್ದುವ ಹುಡುಗಿಯಾಗಿ ವಿವಿಯನ್ ಪ್ರೆಸ್ಕಾಟ್. ಕೈಯಲ್ಲಿರುವುದು ಸೆಕೆಂಡಿಗೆ 24 ಫ್ರೇಮ್ (ಬಿಡಿ ಚಿತ್ರ) ಓಡುವ ಡಿಜಿಟಲ್ ಕಡತ. ತೊಂದರೆಗಳು ಇವು:

ಜನ ಓಡಾಡುವುದು ತೀರಾ ಚುರುಕಾಗಿದೆ. ನಿಧಾನ ಮಾಡಿದರೆ ಒಂಥರಾ ತಡೆತಡೆದು ಸಾಗುತ್ತದೆ. ಚಿತ್ರ ಮೇಲೆ ಕೆಳಗೆ ಕುಣಿಯುತ್ತದೆ. ಕೈಗಳು ಮುಖಕ್ಕಿಂತ ಕಪ್ಪಗೆ ಕಾಣುತ್ತವೆ, ಇದು ಪ್ರಿಂಟಿನ ದೋಷವೇ? ಅಲ್ಲದೆ ಚಿತ್ರದ ಮುಂಚೆ ಹಂಚುವ ಟಿಪ್ಪಣಿಯಲ್ಲಿ “ನೇಲ್ ಪಾಲಿಶ್ ಹಚ್ಚುತ್ತಾಳೆ” ಎಂದು ಬರೆದಿದ್ದೇವೆ, ಸರಿಯೇ ಎಂದು ಯಾರಾದರೂ ಹೇಳಬೇಕು. ದೃಶ್ಯಗಳ ನಡುವೆ ಕನ್ನಡದ ಬರಹ ಫಲಕಗಳನ್ನೂ ಸೇರಿಸುವ ಯೋಚನೆ ಇದೆ.

---

ರೀಲುಪೆಟ್ಟಿಗೆ

ವೇಗ ಮುಟ್ಟುವ ಮೊದಲು ಕಡತವನ್ನು ಒಂದೊಂದೇ ಫ್ರೇಮ್ ಮುಂದೊತ್ತಿ ನೋಡಿ. ಒಂದು ಫ್ರೇಮ್ ಒಮ್ಮೆ, ಮುಂದಿನದು ಎರಡು ಸಲ, ಮತ್ತೆ ಒಮ್ಮೆ, ಮತ್ತೆ ಎರಡು ಸಲ, ಹೀಗೆ ಬರುತ್ತಿದ್ದರೆ ಅದು 16 ಫ್ರೇಮಿನ ಮೂಲವನ್ನು 24ಕ್ಕೆ ಎಳೆದ ಪ್ರತಿ. ಅದಾಗಲೇ ಸರಿಯಾದ ವೇಗದಲ್ಲಿದೆ, ಅದನ್ನು ಮತ್ತೆ ನಿಧಾನ ಮಾಡಿದರೆ ನೀರಿನಡಿ ನಡೆದ ಹಾಗೆ ಕಾಣುತ್ತದೆ. ಯಾವ ಫ್ರೇಮೂ ಮರುಕಳಿಸದಿದ್ದರೆ ಮೂಲದ ಪ್ರತಿ ಫ್ರೇಮನ್ನೂ ಸೆಕೆಂಡಿಗೆ 24ರಂತೆ ಓಡಿಸಿದ್ದಾರೆ, ಅಂದರೆ ಒಂದೂವರೆ ಪಟ್ಟು ವೇಗ. ನಿಮ್ಮ ವಿವರಣೆ ನೋಡಿದರೆ ಎರಡನೆಯದೇ ಇರಬೇಕು. ಕಡತ 30 ಫ್ರೇಮಿನದಾಗಿದ್ದು ಬೆರಳಿನ ಅಂಚಿನಲ್ಲಿ ಬಾಚಣಿಗೆಯ ಹಲ್ಲಿನಂಥ ಗೆರೆ ಕಂಡರೆ, ಮೊದಲು ಟೆಲಿಸಿನಿ (ಫಿಲಂ ಅನ್ನು ಟಿವಿಯ ವೇಗಕ್ಕೆ ಹೊಂದಿಸಲು ಫ್ರೇಮುಗಳನ್ನು ಬೆರೆಸಿದ್ದು) ಬಿಡಿಸಬೇಕು, ಆಮೇಲೆ ಮಾತ್ರ ಉಳಿದ ಮಾತು.

ಮರುಕಳಿಸಿದ ಫ್ರೇಮುಗಳನ್ನು ತೆಗೆಯಲು ಎಫ್‌ಎಫ್‌ಎಂಪೆಗ್ ಎಂಬ ವಿಡಿಯೊ ತಂತ್ರಾಂಶದಲ್ಲಿ ಎಂಪಿಡೆಸಿಮೇಟ್ ಎಂಬ ಫಿಲ್ಟರ್ ಇದೆ. ಆದರೆ ಕಣ್ಣುಮುಚ್ಚಿ ನಂಬಬೇಡಿ: ಎಲ್ಲರೂ ಸುಮ್ಮನೆ ನಿಂತ ದೃಶ್ಯದಲ್ಲಿ ನಿಜವಾದ ಫ್ರೇಮನ್ನೂ ಅದು ‘ನಕಲು’ ಎಂದು ಕಿತ್ತುಹಾಕುತ್ತದೆ. ಪುನರಾವರ್ತನೆಯ ಕ್ರಮ ಒಂದೇ ಸಮ ಇದ್ದರೆ ಪ್ರತಿ ಮೂರರಲ್ಲಿ ಒಂದನ್ನು ಲೆಕ್ಕ ಹಾಕಿಯೇ ತೆಗೆಯುವುದು ಕ್ಷೇಮ.

ಲೆಕ್ಕ ಇಷ್ಟೇ. 35 ಎಂಎಂ ಫಿಲಂನ ಒಂದು ಅಡಿಗೆ 16 ಫ್ರೇಮ್. ಸಾವಿರ ಅಡಿಯ ಪೂರ್ತಿ ರೀಲ್ ಎಂದರೆ 16,000 ಫ್ರೇಮ್: 16ರ ವೇಗದಲ್ಲಿ 16 ನಿಮಿಷ 40 ಸೆಕೆಂಡು, 18ರಲ್ಲಿ ಸುಮಾರು 14 ನಿಮಿಷ 49 ಸೆಕೆಂಡು, 24ರಲ್ಲಿ 11 ನಿಮಿಷ 7 ಸೆಕೆಂಡು. ಆಗಿನ ಕಾಲದ ಹಾಸ್ಯಚಿತ್ರಗಳು ಎಷ್ಟೋ ಸಲ ಅರ್ಧ ರೀಲಿನವು, ಇನ್ನೊಂದು ಚಿತ್ರದ ಜತೆ ಒಂದೇ ಸುರುಳಿಯಲ್ಲಿ ಹೋಗುತ್ತಿದ್ದವು. ಹಾಗಿದ್ದರೆ ಎಲ್ಲವನ್ನೂ ಅರ್ಧ ಮಾಡಿಕೊಳ್ಳಿ.

ಕ್ಯಾಮೆರಾದ ಹಿಡಿಕೆಯನ್ನು ಒಂದು ಸುತ್ತು ತಿರುಗಿಸಿದರೆ 8 ಫ್ರೇಮ್, ಸೆಕೆಂಡಿಗೆ ಎರಡು ಸುತ್ತು, ಅಲ್ಲಿಗೆ 16. ಇದು ರೂಢಿಯೇ ಹೊರತು ಕಾನೂನಲ್ಲ. ತಿರುಗಿಸುವವನ ಕೈ ದೃಶ್ಯದಿಂದ ದೃಶ್ಯಕ್ಕೆ ಬದಲಾಗುತ್ತದೆ. ಹಾಗಾಗಿ ಅಳೆದೇ ನೋಡಿ. ಮನುಷ್ಯ ಸಾಧಾರಣವಾಗಿ ಸೆಕೆಂಡಿಗೆ ಎರಡು ಹೆಜ್ಜೆ ಇಡುತ್ತಾನೆ, ನಿಮ್ಮ ಕಡತದಲ್ಲಿ ಮೂರು ಬರುತ್ತಿದ್ದರೆ ಒಂದೂವರೆ ಪಟ್ಟು ಓಡುತ್ತಿದೆ ಎಂದರ್ಥ. ಗಟ್ಟಿ ವಸ್ತು ಏನಾದರೂ ಮೇಜಿನಿಂದ ಬಿದ್ದರೆ ಇನ್ನೂ ಒಳ್ಳೆಯದು: 75 ಸೆಂಟಿಮೀಟರ್ ಎತ್ತರದಿಂದ ನೆಲ ಮುಟ್ಟಲು 0.39 ಸೆಕೆಂಡು ಬೇಕು. 16ರಲ್ಲಿ ಚಿತ್ರೀಕರಿಸಿದ್ದರೆ ಅದು 6 ಫ್ರೇಮಿನಲ್ಲಿ ಮುಗಿಯುತ್ತದೆ, 20ರಲ್ಲಿ 8 ಬೇಕು. ಎಣಿಕೆಯಲ್ಲಿ ಒಂದು ಫ್ರೇಮ್ ತಪ್ಪಿದರೆ ವೇಗದ ಲೆಕ್ಕದಲ್ಲಿ ಸೆಕೆಂಡಿಗೆ ಎರಡು ಎರಡೂವರೆ ಫ್ರೇಮಿನ ವ್ಯತ್ಯಾಸ ಬರುತ್ತದೆ, ಅದಕ್ಕೇ ಒಂದೇ ಅಳತೆಯ ಮೇಲೆ ತೀರ್ಮಾನ ಬೇಡ. ಟವೆಲು, ಟೋಪಿ ಬೀಳುವುದನ್ನು ಎಣಿಸಬೇಡಿ, ಗಾಳಿ ತಡೆಯುತ್ತದೆ.

ಕೊನೆಯದಾಗಿ, ನಡುವೆ ಹೊಸ ಫ್ರೇಮ್ ಹುಟ್ಟಿಸುವ ಆಪ್ಟಿಕಲ್ ಫ್ಲೋ, ಎಐ ಇಂಟರ್‌ಪೊಲೇಶನ್ ಯಾವುದೂ ಈ ಚಿತ್ರಕ್ಕೆ ಬೇಡವೇ ಬೇಡ. ಐದು ಬೆರಳು ಪಕ್ಕಪಕ್ಕ ಇದ್ದು, ಅವುಗಳ ಮೇಲೆ ಇನ್ನೊಂದು ಕೈ ಹಿಂದೆ ಮುಂದೆ ಆಡುವಾಗ ಆ ತಂತ್ರ ಯಾವ ಬೆರಳು ಯಾವುದೆಂದು ಗುರುತಿಸಲಾರದೆ ಎರಡು ಬೆರಳನ್ನು ಕರಗಿಸಿ ಒಂದು ಮಾಡಿಬಿಡುತ್ತದೆ. ಉಗುರು ತಿದ್ದುವ ಚಿತ್ರದಲ್ಲಿ ಬೆರಳೇ ಹಾಳಾದರೆ ಉಳಿಯುವುದೇನು?

---

ಉಗುರುಶಾಸ್ತ್ರ

ಟಿಪ್ಪಣಿಯಿಂದ “ನೇಲ್ ಪಾಲಿಶ್ ಹಚ್ಚುತ್ತಾಳೆ” ತೆಗೆದುಬಿಡಿ. ಈಗ ನಾವು ಸೀಸೆಯಿಂದ ಬ್ರಷ್‌ನಲ್ಲಿ ಹಚ್ಚುವ ದ್ರವರೂಪದ ಪಾಲಿಶ್ ಅಮೆರಿಕದ ಮಾರುಕಟ್ಟೆಗೆ ಬಂದದ್ದು 1917ರ ಸುಮಾರಿಗೆ. 1911ರಲ್ಲಿ ಕ್ಯೂಟೆಕ್ಸ್ ಹೆಸರಿನಲ್ಲಿ ಬಂದದ್ದು ಕೂಡ ಬಣ್ಣವಲ್ಲ, ಉಗುರಿನ ಬುಡದ ಚರ್ಮ ಸಡಿಲಿಸುವ ದ್ರವ. ಚಿತ್ರದ ಕಾಲದಲ್ಲಿ ಪಾಲಿಶ್ ಅಂದರೆ ಉಜ್ಜಿ ಹೊಳಪು ತರಿಸುವುದು.

ಆಗಿನ ಕ್ರಮ ಹೀಗಿತ್ತು. ಟಿಪ್ಪಣಿಗೆ ಬೇಕಾದಷ್ಟು ಎತ್ತಿಕೊಳ್ಳಿ. ಗಿರಾಕಿಯ ಒಂದು ಕೈ, ಸಾಮಾನ್ಯವಾಗಿ ಎಡಗೈ, ಮೊದಲು. ಬಳುಕುವ ಉಕ್ಕಿನ ಅರದಿಂದ ಉಗುರಿನ ತುದಿಗೆ ಆಕಾರ, ಮೂಲೆಯಿಂದ ನಡುವಿನ ಕಡೆಗೆ ಒಂದೇ ದಿಕ್ಕಿನಲ್ಲಿ. ಗರಗಸದ ಹಾಗೆ ಹಿಂದೆ ಮುಂದೆ ಎಳೆದರೆ ಉಗುರಿನ ಪದರ ಬಿಟ್ಟುಕೊಳ್ಳುತ್ತದೆ. ಆಮೇಲೆ ಎಮೆರಿ ಪಟ್ಟಿಯಿಂದ ಅಂಚು ನಯ ಮಾಡುವುದು. ಇಷ್ಟಾದ ಮೇಲೆ ಆ ಕೈ ಉಗುರುಬೆಚ್ಚಗಿನ ಸಾಬೂನು ನೀರಿನ ಬಟ್ಟಲಿಗೆ. ಅದು ನೆನೆಯುವ ಹೊತ್ತಿಗೆ ಇನ್ನೊಂದು ಕೈಗೆ ಅರ. ನೆಂದ ಕೈಯನ್ನು ಟವೆಲಿನಲ್ಲಿ ಒರೆಸಿ, ಕಿತ್ತಳೆ ಮರದ ಕಡ್ಡಿಯ ತುದಿಗೆ ಅರಳೆ ಸುತ್ತಿ, ಬುಡದ ಚರ್ಮವನ್ನು ಹಿಂದಕ್ಕೆ ತಳ್ಳುತ್ತಾರೆ. ಅದೇ ಕಡ್ಡಿಯಿಂದ ಉಗುರಿನಡಿಯ ಕೊಳೆಯನ್ನೂ ತೆಗೆಯುತ್ತಾರೆ. ಕಲೆ ಹೋಗಲು ನಿಂಬೆರಸ ಅಥವಾ ಹೈಡ್ರೋಜನ್ ಪೆರಾಕ್ಸೈಡ್. ಎದ್ದುನಿಂತ ಚರ್ಮದ ಚೂರಿಗೆ ಮಾತ್ರ ಸಣ್ಣ ಕತ್ತರಿ, ಎಲ್ಲ ಕಡೆ ಕತ್ತರಿಸಿದರೆ ರಕ್ತ ಬರುತ್ತದೆ, ಕೀವಾಗುತ್ತದೆ.

ಹೊಳಪಿನ ಸರದಿ ಕೊನೆಗೆ. ಗುಲಾಬಿ ಬಣ್ಣದ ಪೇಸ್ಟನ್ನು ಒಂದೊಂದು ಉಗುರಿಗೆ ಚುಕ್ಕೆಯಷ್ಟು ಇಟ್ಟು ಹರಡಿ, ಒರೆಸಿ, ಅದರ ಮೇಲೆ ಪುಡಿ. ಪುಡಿಯಲ್ಲಿ ಹೊಳಪು ಕೊಡುವುದು ತವರದ ಆಕ್ಸೈಡ್, ಬಣ್ಣಕ್ಕೆ ಕಾರ್ಮೈನ್. ಶಾಮಿ ಎಂಬ ಮೆತ್ತನೆಯ ಚರ್ಮ ಹೊದಿಸಿದ ಬಫರ್‌ನಿಂದ ಉಜ್ಜುತ್ತಾರೆ. ಬಫರ್ ಎಂದರೆ ದೋಣಿಯ ತಳದಂತೆ ಬಾಗಿದ, ಮೇಲೆ ಹಿಡಿ ಇರುವ ಸಾಧನ. ಒಂದೇ ಉಗುರನ್ನು ಬಿಡದೆ ಉಜ್ಜಿದರೆ ಸುಡುತ್ತದೆ, ಅದಕ್ಕೇ ನಾಲ್ಕಾರು ಎಳೆತಕ್ಕೊಮ್ಮೆ ಬಫರ್ ಎತ್ತಿ ಮುಂದಿನ ಬೆರಳಿಗೆ ಹೋಗುತ್ತಾರೆ. ತೆರೆಯ ಮೇಲೆ ಈ ಎತ್ತಿ ಇಡುವ ಲಯ ಕಾಣಿಸಿದರೆ ನಟಿ ಕೆಲಸ ನೋಡಿ ಕಲಿತಿದ್ದಾಳೆ ಎಂದು ಲೆಕ್ಕ. ಒಂದೇ ಬೆರಳನ್ನು ಉಜ್ಜುತ್ತಾ ಗಿರಾಕಿಯ ಮುಖವನ್ನೇ ನೋಡುತ್ತಿದ್ದರೆ ಅದು ನಗಿಸಲಿಕ್ಕೆ. ಕೊನೆಗೆ ಕೈ ತೊಳೆದು ಒರೆಸಿ ಇನ್ನೊಮ್ಮೆ ಒಣ ಬಫರ್.

ಪೂರ್ತಿ ಮಾಡಿದರೆ ಅರ್ಧ ಗಂಟೆಗೆ ಕಮ್ಮಿಯಿಲ್ಲದ ಕೆಲಸ ಇದು. ಚಿತ್ರದಲ್ಲಿ ಒಂದೆರಡು ಹಂತ ಮಾತ್ರ ಸಿಗುತ್ತದೆ, ಅದೂ ಕೈ ಹಿಡಿದುಕೊಳ್ಳಲು ಅನುಕೂಲವಾದದ್ದು. ಪರಿಚಯವಿಲ್ಲದ ಗಂಡು ಹೆಣ್ಣು ಎಲ್ಲರೆದುರು ಕೈ ಹಿಡಿದು ಕೂರಲು ಸಭ್ಯವಾದ ಕಾರಣ ಆಗ ಎಷ್ಟಿದ್ದವು? ದೊಡ್ಡ ಹೋಟೆಲುಗಳ ಕ್ಷೌರದಂಗಡಿಗಳಲ್ಲಿ ಗಂಡಸರ ಉಗುರು ತಿದ್ದಲು ಹುಡುಗಿಯರನ್ನು ಇಟ್ಟುಕೊಳ್ಳುತ್ತಿದ್ದರು, ಗಡ್ಡ ಬೋಳಿಸಿಕೊಳ್ಳುತ್ತಲೇ ಕೈಯನ್ನೂ ಒಪ್ಪಿಸಬಹುದಿತ್ತು. ಹಾಸ್ಯಚಿತ್ರದವರು ಇದನ್ನು ಬಿಡುತ್ತಾರೆಯೇ! ನ್ಯೂಯಾರ್ಕ್‌ನಲ್ಲಿ ಮೇರಿ ಕಾಬ್ ಮ್ಯಾನಿಕ್ಯೂರ್ ಅಂಗಡಿ ತೆರೆದದ್ದು 1878ರಲ್ಲಿ. ಅಂದರೆ ಈ ಚಿತ್ರದ ಹೊತ್ತಿಗೆ ಆ ಊರಿನ ಪ್ರೇಕ್ಷಕರಿಗೆ ಕಸುಬು ಹೊಸದಲ್ಲ, ಬಟ್ಟಲು ಕಂಡ ಕೂಡಲೇ ಯಾವ ಅಂಗಡಿ ಎಂದು ಅರ್ಥವಾಗುತ್ತಿತ್ತು. ನಮ್ಮ ಪ್ರೇಕ್ಷಕರಿಗೆ ಅದು ಕೈ ತೊಳೆಯುವ ಫಿಂಗರ್ ಬೌಲ್ ಅನ್ನಿಸೀತು, ಟಿಪ್ಪಣಿಯಲ್ಲಿ ಒಂದು ಸಾಲು ಇರಲಿ.

---

ಬೆಳ್ಳಿಲವಣ

ಕೈ ಕಪ್ಪಗೆ ಕಾಣುವುದು ಪ್ರಿಂಟಿನ ದೋಷ ಅಲ್ಲ. ಆ ಕಾಲದ ನೆಗೆಟಿವ್ ನೀಲಿಗೆ ಚೆನ್ನಾಗಿ, ಹಸಿರಿಗೆ ಅಷ್ಟಿಷ್ಟು ಸ್ಪಂದಿಸುತ್ತಿತ್ತು, ಕೆಂಪಿಗೆ ಕುರುಡು. ಕೆಂಪು ಬಣ್ಣದ್ದೆಲ್ಲ ತೆರೆಯ ಮೇಲೆ ಕಪ್ಪು. ಬೆಚ್ಚಗಿನ ನೀರಿನಲ್ಲಿ ನೆಂದು ಉಜ್ಜಿಸಿಕೊಂಡ ಕೈಗೆ ರಕ್ತ ಏರುತ್ತದೆ, ಹಾಗಾಗಿ ಇನ್ನೂ ಕಪ್ಪು. ಮುಖಕ್ಕೆ ಬಣ್ಣ ಬಳಿದುಕೊಂಡ ನಟ ಕೈಗೆ ಪೌಡರ್ ಹಾಕದಿದ್ದರೆ ನೀವು ಹೇಳಿದ ವ್ಯತ್ಯಾಸ ಬಂದೇ ಬರುತ್ತದೆ. ಮೇಲಿನವರು ಹೇಳಿದ ಗುಲಾಬಿ ಪೇಸ್ಟೂ ಅಷ್ಟೇ, ಹಚ್ಚಿದಾಗ ಉಗುರು ಕೊಳಕಾದಂತೆ ಕಾಣುತ್ತದೆ. ಹೊಳಪು ಕಾಣುವುದು ಬೆಳಕು ಪ್ರತಿಫಲಿಸಿದಾಗ ಹೊಳೆಯುವ ಬಿಳಿ ಚುಕ್ಕೆಯಿಂದ ಮಾತ್ರ. ಎಲ್ಲ ಬಣ್ಣಕ್ಕೂ ಸ್ಪಂದಿಸುವ ಪ್ಯಾಂಕ್ರೊಮ್ಯಾಟಿಕ್ ಫಿಲಂ ಸಿನಿಮಾದಲ್ಲಿ ರೂಢಿಗೆ ಬಂದದ್ದು 1920ರ ದಶಕದಲ್ಲಿ.

ಬೆಳಕೂ ಇದಕ್ಕೆ ಕೈಜೋಡಿಸುತ್ತಿತ್ತು. ಬಯೋಗ್ರಾಫ್‌ನವರ ನ್ಯೂಯಾರ್ಕ್ 14ನೇ ಬೀದಿಯ ಸ್ಟುಡಿಯೊದಲ್ಲಿ ಕೂಪರ್ ಹ್ಯೂವಿಟ್ ಪಾದರಸ ದೀಪಗಳು. ಅವುಗಳ ಬೆಳಕು ನೀಲಿ-ಹಸಿರು, ಅದರಲ್ಲಿ ಕೆಂಪೇ ಇಲ್ಲ. 1910ರಿಂದ ಚಳಿಗಾಲದಲ್ಲಿ ಅವರು ಕ್ಯಾಲಿಫೋರ್ನಿಯಾಕ್ಕೆ ಹೋಗಿ ಬಯಲು ವೇದಿಕೆಯಲ್ಲಿ, ಮೇಲೆ ಬಿಳಿ ಬಟ್ಟೆ ಕಟ್ಟಿ ಬಿಸಿಲಿನಲ್ಲೇ ‘ಒಳಾಂಗಣ’ ಚಿತ್ರೀಕರಿಸುತ್ತಿದ್ದರು. ‘ಕೋಣೆ’ಯೊಳಗಿನ ಪರದೆ, ಮೇಜಿನ ಬಟ್ಟೆ ಗಾಳಿಗೆ ಅಲುಗುತ್ತಿದ್ದರೆ ಅಂಥದ್ದೆಂದು ತಿಳಿಯಬಹುದು.

ಆದ್ದರಿಂದ ಗ್ರೇಡಿಂಗ್ (ಚಿತ್ರದ ಬೆಳಕು ನೆರಳು ಹೊಂದಿಸುವುದು) ಮಾಡುವಾಗ ಕೈಯನ್ನು ಬೆಳ್ಳಗೆ ಮಾಡಲು ಹೋಗಬೇಡಿ. ನೆರಳಿನ ಭಾಗ ಎತ್ತಿದರೆ ಕೈಗಿಂತ ಮುಂಚೆ ಮೇಲೇಳುವುದು ಗೀರು ಮತ್ತು ದೂಳು. ಬಿಳಿ ಏಪ್ರನ್, ಟವೆಲುಗಳ ಮಡಿಕೆ ಸುಟ್ಟುಹೋಗದಷ್ಟು ಹೈಲೈಟ್ ತಗ್ಗಿಸಿ, ಅಷ್ಟು ಸಾಕು.

ಕುಣಿತದ ಬಗ್ಗೆ: ಬಯೋಗ್ರಾಫ್ ಕ್ಯಾಮೆರಾ ಮಾಮೂಲಿನದಲ್ಲ. ರಂಧ್ರವಿಲ್ಲದ ಕಚ್ಚಾ ಫಿಲಂ ಅನ್ನು ಎಳೆದುಕೊಂಡು, ಚಿತ್ರ ತೆಗೆಯುವಾಗಲೇ ತಾನೇ ರಂಧ್ರ ಕೊರೆಯುತ್ತಿತ್ತು. ಹೀಗಾಗಿ ಫ್ರೇಮ್ ಫ್ರೇಮಿನ ನಡುವಿನ ಅಂತರ ಒಂದೇ ಸಮ ಇರುವುದಿಲ್ಲ. ಆಟೊ ಸ್ಟೆಬಿಲೈಜ್ ಒತ್ತಿದರೆ ಅದು ನಡೆದಾಡುವ ಮನುಷ್ಯನನ್ನು ಹಿಡಿದುಕೊಂಡು ಗೋಡೆಯನ್ನು ಕುಣಿಸುತ್ತದೆ. ಕನ್ನಡಿಯ ಚೌಕಟ್ಟು, ಗೋಡೆಯ ಮೂಲೆ, ಇಂಥ ಅಲುಗದ ಒಂದು ಬಿಂದುವನ್ನು ಟ್ರ್ಯಾಕ್ ಮಾಡಿ, ಲಂಬ ದಿಕ್ಕಿನಲ್ಲಷ್ಟೇ ಸರಿಪಡಿಸಿ. ಜೂಮ್ ಮಾಡಬೇಡಿ, ಅಂಚಿನಲ್ಲಿ ಕಪ್ಪು ಪಟ್ಟಿ ಇಣುಕಿದರೆ ಇಣುಕಲಿ. ಪ್ರತಿ ಶಾಟ್‌ಗೂ ಬೇರೆ ಬೇರೆಯಾಗಿ ಮಾಡಬೇಕು.

ವೇಗದ ವಿಷಯದಲ್ಲಿ ರೀಲುಪೆಟ್ಟಿಗೆಯವರೊಂದಿಗೆ ಸಣ್ಣ ತಕರಾರು. ಚಿತ್ರೀಕರಿಸಿದ ವೇಗವೇ ತೋರಿಸುವ ವೇಗ ಆಗಬೇಕಿಲ್ಲ. ಆಗಿನ ಚಿತ್ರಮಂದಿರಗಳಲ್ಲಿ ಸ್ವಲ್ಪ ಹೆಚ್ಚೇ ಓಡಿಸುತ್ತಿದ್ದರು, ಹಾಸ್ಯಕ್ಕೆ ಅದು ಒಗ್ಗುತ್ತದೆ ಕೂಡ. 16ರಲ್ಲಿ ಇಟ್ಟರೆ ಹೆಜ್ಜೆ ಸಹಜವಾಗುತ್ತದೆ, ನಗು ಸತ್ತುಹೋಗುತ್ತದೆ. ನಾನಾದರೆ 18ರಿಂದ 20ರೊಳಗೆ ಇಡುತ್ತೇನೆ.

---

ರೀಲುಪೆಟ್ಟಿಗೆ

ಒಪ್ಪಿದೆ, 20 ಇಡಿ. ಅದಕ್ಕೆ ಇನ್ನೊಂದು ಲಾಭವೂ ಇದೆ: ಸೊಸೈಟಿಗಳಲ್ಲಿ ಲ್ಯಾಪ್‌ಟಾಪಿನಿಂದ ಎಚ್‌ಡಿಎಂಐ ಮೂಲಕ 60 ಹರ್ಟ್ಜ್ (ಸೆಕೆಂಡಿಗೆ 60 ಸಲ ಚಿತ್ರ ತೋರಿಸುವ) ಪ್ರೊಜೆಕ್ಟರಿಗೆ ಕೊಡುವುದು ಸಾಮಾನ್ಯ. 20ನ್ನು ಮೂರು ಸಲ ತೋರಿಸಿದರೆ ನೇರ 60, ತಡೆತ ಇಲ್ಲವೇ ಇಲ್ಲ. 18 ಇಟ್ಟರೆ 60ಕ್ಕೆ ಸಮ ಭಾಗ ಆಗದು, ಉಗುರುಜ್ಜುವ ಬಫರ್ ಆಡುವಾಗ ಎಡವಿದಂತೆ ಕಾಣುತ್ತದೆ. 16 ಬೇಕೇ ಬೇಕು ಅಂದರೆ ಪ್ರೊಜೆಕ್ಟರನ್ನು 48 ಹರ್ಟ್ಜಿಗೆ ಹಾಕಲು ಆಗುತ್ತದೆಯೇ ನೋಡಿ. ಚಿತ್ರಮಂದಿರಕ್ಕೆ ಕೊಡುವ ಡಿಜಿಟಲ್ ಪ್ರತಿಯಾದ ಡಿಸಿಪಿಗೆ 16, 18, 20ರ ಮಾನಕ ಇದ್ದರೂ ಎಲ್ಲ ಸರ್ವರುಗಳೂ ಓದುವುದಿಲ್ಲ. ಅಲ್ಲಿ 20ರ ಐದು ಫ್ರೇಮಿಗೆ ಒಂದನ್ನು ಮರುಕಳಿಸಿ 24 ಮಾಡಿಕೊಂಡು ಹೋಗುವುದೇ ಸುರಕ್ಷಿತ.

ಚೌಕಟ್ಟನ್ನೂ ನೋಡಿ. ಮೂಕಿ ಚಿತ್ರದ ಚೌಕಟ್ಟಿನ ಅಗಲ ಎತ್ತರದ 1.33 ಪಟ್ಟು. ಫಿಲಂನಿಂದ ಹಿಂದೆ ಇಳಿಸಿಕೊಂಡ ಪ್ರತಿಗಳಲ್ಲಿ ಧ್ವನಿಪಟ್ಟಿಯ ಜಾಗಕ್ಕೆಂದು ಎಡಬದಿ ಕತ್ತರಿಸಿರುತ್ತಾರೆ. ಎಡ ಅಂಚಿನಲ್ಲಿ ಕುಳಿತವರ ಮೊಣಕೈ ಅರ್ಧಕ್ಕೆ ಮಾಯವಾಗಿದ್ದರೆ ಬೇರೆ ಪ್ರತಿ ಹುಡುಕಿ.

---

ಮೂಕಿಪ್ರಿಯ

ತುಂಬಾ ಉಪಕಾರ. ಫ್ರೇಮ್ ಮರುಕಳಿಸಿಲ್ಲ, ಹಾಗಾಗಿ 20ಕ್ಕೆ ಇಳಿಸುತ್ತೇವೆ. ಇನ್ನೊಂದು ಅನುಮಾನ: ನಮ್ಮ ಪ್ರತಿಯಲ್ಲಿ ಬರಹ ಫಲಕಗಳೇ ಇಲ್ಲ. ಶಾಟುಗಳ ಕ್ರಮವಾದರೂ ಸರಿಯಿದೆಯೇ ಎಂದು ಹೇಗೆ ತಿಳಿಯುವುದು?

---

ಬೆಳ್ಳಿಲವಣ

ಬಯೋಗ್ರಾಫ್ ಚಿತ್ರಗಳಿಗೆ ಅದು ಸಹಜ. ಅವು ಉಳಿದ ದಾರಿ ಎರಡು. 1912ರ ತಿದ್ದುಪಡಿಯವರೆಗೆ ಅಮೆರಿಕದ ಕಾಪಿರೈಟ್ ಕಾಯ್ದೆಯಲ್ಲಿ ಸಿನಿಮಾಕ್ಕೆ ಪ್ರತ್ಯೇಕ ವರ್ಗ ಇರಲಿಲ್ಲ. ಅದಕ್ಕೇ ಕಂಪನಿಗಳು ಇಡೀ ಚಿತ್ರವನ್ನು ಫೋಟೊ ಕಾಗದದ ಉದ್ದ ಸುರುಳಿಯ ಮೇಲೆ ಮುದ್ರಿಸಿ, ‘ಛಾಯಾಚಿತ್ರ’ ಎಂದು ನೋಂದಾಯಿಸುತ್ತಿದ್ದವು. ನೈಟ್ರೇಟ್ ಫಿಲಂಗಳು ಸುಟ್ಟು ಕೊಳೆತು ಹೋದರೂ ಲೈಬ್ರರಿ ಆಫ್ ಕಾಂಗ್ರೆಸ್‌ನಲ್ಲಿ ಆ ಕಾಗದ ಉಳಿಯಿತು, ಸುಮಾರು 3000 ಚಿತ್ರಗಳಷ್ಟು. 1950ರ ದಶಕದಲ್ಲಿ ಕೆಂಪ್ ನೈವರ್ ಅವನ್ನು 16 ಎಂಎಂ ಫಿಲಂಗೆ ಇಳಿಸುವ ಕೆಲಸ ಹಿಡಿದು, ಅದಕ್ಕೆ ಅಕಾಡೆಮಿಯ (ಆಸ್ಕರ್) ವಿಶೇಷ ಪ್ರಶಸ್ತಿಯೂ ಸಿಕ್ಕಿತು. ಆ ಪ್ರತಿಗಳು ಮಸುಕು, ಕಾಗದದ ನಾರು ಕೂಡ ಕಾಣುತ್ತದೆ. ಇನ್ನೊಂದು ದಾರಿ ಮೂಲ ನೆಗೆಟಿವ್‌ಗಳದು, 1939ರಲ್ಲಿ ಅವು ನ್ಯೂಯಾರ್ಕ್‌ನ ಮ್ಯೂಸಿಯಂ ಆಫ್ ಮಾಡರ್ನ್ ಆರ್ಟ್ ಸೇರಿದವು. ಚಿತ್ರ ಬಹಳ ಚೂಪು, ಆದರೆ ಎಷ್ಟೋ ನೆಗೆಟಿವ್‌ಗಳಲ್ಲಿ ಫಲಕ ಇಲ್ಲ, ಶಾಟುಗಳು ಕಥೆಯ ಕ್ರಮದಲ್ಲೂ ಇಲ್ಲ, ಪ್ರಿಂಟ್ ಮಾಡಿದ ಮೇಲೆ ಜೋಡಿಸುತ್ತಿದ್ದರು. ನಿಮ್ಮ ಪ್ರತಿ ಯಾವ ಕಡೆಯದು ಎಂದು ಮೊದಲು ಗುರುತಿಸಿ.

---

ಉಗುರುಶಾಸ್ತ್ರ

ಕೈಕೆಲಸವನ್ನೇ ಸಾಕ್ಷಿ ಮಾಡಿಕೊಳ್ಳಿ. ಅರ ಹಾಕುವುದು ನೆನೆಸುವ ಮುಂಚೆಯೇ, ಏಕೆಂದರೆ ನೆಂದ ಉಗುರು ಮೆತ್ತಗಾಗಿ ಅರಕ್ಕೆ ಸಿಕ್ಕಿ ಹರಿಯುತ್ತದೆ. ಬಫರ್ ಯಾವಾಗಲೂ ಕೊನೆಗೆ. ಬಫರ್ ಹಿಡಿದ ಶಾಟ್ ಆದ ಮೇಲೆ ಅದೇ ಗಿರಾಕಿಯ ಅದೇ ಕೈಗೆ ಅರ ಬಂದರೆ ಕ್ರಮ ತಪ್ಪಿದೆ ಎಂದು ಅನುಮಾನಿಸಬಹುದು. ಆದರೆ ‘ಅದೇ ಕೈ’ ಎಂಬುದನ್ನು ಮರೆಯಬೇಡಿ: ಒಂದು ಕೈ ಬಟ್ಟಲಲ್ಲಿ, ಇನ್ನೊಂದಕ್ಕೆ ಅರ, ಇದು ಸರಿಯಾದ ಕ್ರಮವೇ. ಬಟ್ಟಲು ಮೇಜಿನ ಯಾವ ಬದಿಯಲ್ಲಿದೆ, ಟವೆಲು ಮಡಿಸಿದೆಯೋ ಬಿಚ್ಚಿದೆಯೋ, ಗಿರಾಕಿಯ ತೋಳಿನ ಕಫ್ ಮೇಲೆ ಸರಿದಿದೆಯೋ, ಇವನ್ನೂ ಪಟ್ಟಿ ಮಾಡಿ. ನಟರು ಹಂತಗಳನ್ನು ಹಾರಿಸುತ್ತಾರೆ, ಹಿಂದುಮುಂದು ಮಾಡುವುದು ಅಪರೂಪ.

---

ಅಡಿಬರಹ

ಕನ್ನಡ ಫಲಕಗಳ ಬಗ್ಗೆ ನಾಲ್ಕು ಮಾತು. ಮೂಲದಲ್ಲಿ ಏನಿತ್ತೆಂದು ಗೊತ್ತಿಲ್ಲದ ಕಡೆ ಸಂಭಾಷಣೆ ಕಟ್ಟಬೇಡಿ. ಈ ಚಿತ್ರಕ್ಕೆ ಮಾತು ಕಮ್ಮಿ ಇದ್ದಷ್ಟೂ ಒಳ್ಳೆಯದು. ನೀವು ಸೇರಿಸಿದ ಫಲಕ ಎಂದು ಮೊದಲ ಫಲಕದಲ್ಲೇ ಹೇಳಿಬಿಡಿ.

ಸಾಲನ್ನು ನಿಧಾನವಾಗಿ ಎರಡು ಸಲ ಗಟ್ಟಿಯಾಗಿ ಓದಲು ಎಷ್ಟು ಹೊತ್ತು ಬೇಕೋ ಅಷ್ಟು ಹೊತ್ತು ಫಲಕ ನಿಲ್ಲಲಿ. ಇಂಗ್ಲಿಷ್ ಫಲಕದ ಅಳತೆಗೇ ಕನ್ನಡ ತುರುಕಿದರೆ ಕೊನೆಯ ಪದ ಓದುವ ಮುಂಚೆ ಹೊರಟುಹೋಗುತ್ತದೆ. ಎರಡು ಸಾಲಿನ ನಡುವೆ ಜಾಗ ಧಾರಾಳವಾಗಿ ಬಿಡಿ, ಇಲ್ಲದಿದ್ದರೆ ಮೇಲಿನ ಸಾಲಿನ ಒತ್ತಕ್ಷರ ಕೆಳಗಿನ ಸಾಲಿನ ಗುಡಿಸಿಗೆ ತಾಗುತ್ತದೆ. ತೆಳು ಗೆರೆಯ ಫಾಂಟ್ ಕಪ್ಪು ಹಿನ್ನೆಲೆಯಲ್ಲಿ ಕರಗಿಹೋಗುತ್ತದೆ, ಒಂದಿಷ್ಟು ದಪ್ಪನೆಯದು ಆರಿಸಿ.

ನುಡಿ, ಬರಹದ ಹಳೆಯ ಆಸ್ಕಿ ಫಾಂಟಿನಲ್ಲಿ ಟೈಪ್ ಮಾಡಿಟ್ಟಿದ್ದರೆ ಮೊದಲು ಯೂನಿಕೋಡ್‌ಗೆ ಬದಲಿಸಿ, ಕಡತವನ್ನು ಯುಟಿಎಫ್-8ರಲ್ಲಿ ಉಳಿಸಿ. ವಿಡಿಯೊ ಸಂಕಲನದ ತಂತ್ರಾಂಶ ಪ್ರೀಮಿಯರ್‌ನಲ್ಲಿ ‘ಕ್ಷ’, ‘ರ್ಕ’ ಒಡೆದು ಬರುತ್ತಿದ್ದರೆ ಪಠ್ಯದ ಆಯ್ಕೆಗಳಲ್ಲಿ ದಕ್ಷಿಣ ಏಷ್ಯಾದ ಭಾಷೆಗಳ ಎಂಜಿನ್ ಆನ್ ಆಗಿದೆಯೇ ನೋಡಿ. ಆನ್ ಮಾಡಿದ ಮೇಲೂ ಹಳೆಯ ಪಠ್ಯ ಒಡೆದೇ ಇರಬಹುದು, ಅಳಿಸಿ ಹೊಸದಾಗಿ ಅಂಟಿಸಿ. ಅದೂ ಆಗದಿದ್ದರೆ ಫಲಕವನ್ನು ಚಿತ್ರ ಬರೆಯುವ ತಂತ್ರಾಂಶ ಇಂಕ್‌ಸ್ಕೇಪ್‌ನಲ್ಲಿ ಚಿತ್ರವಾಗಿ ಮಾಡಿಕೊಂಡು ಪಿಎನ್‌ಜಿ ರೂಪದಲ್ಲಿ ತಂದು ಇಡಿ, ಆಗ ಯಾವ ಯಂತ್ರದಲ್ಲೂ ಒಡೆಯುವುದಿಲ್ಲ.

ಹಕ್ಕಿನ ವಿಷಯ: ಭಾರತದಲ್ಲಿ ಸಿನಿಮಾದ ಕಾಪಿರೈಟ್ ಪ್ರಕಟವಾದ ವರ್ಷದ ಮುಂದಿನ 60 ವರ್ಷ, ಹಾಗಾಗಿ 1911ರ ಚಿತ್ರಕ್ಕೆ ತೊಂದರೆಯಿಲ್ಲ. ಆದರೆ ಕಡತದಲ್ಲಿ ಯಾರೋ ಹೊಸದಾಗಿ ಸೇರಿಸಿದ ಪಿಯಾನೊ ಸಂಗೀತ ಇದ್ದರೆ ಅದಕ್ಕೆ ಹಕ್ಕು ಬೇರೆ ಇರುತ್ತದೆ. ವೇಗ ಇಳಿಸಿದ ಮೇಲೆ ಅದು ಹೇಗೂ ಹೊಂದುವುದಿಲ್ಲ, ಆ ಟ್ರ್ಯಾಕ್ ತೆಗೆದುಹಾಕಿ. ಸ್ಥಳದಲ್ಲೇ ಯಾರಾದರೂ ನುಡಿಸುವುದಾದರೆ 20ರ ವೇಗದ, ಫಲಕ ಸೇರಿಸಿದ ಅಂತಿಮ ಕಡತವನ್ನೇ ಅವರಿಗೆ ಅಭ್ಯಾಸಕ್ಕೆ ಕೊಡಿ.